ಹೊಂಡಕ್ಕೆ ಹಾರಿದ ಹಳದಿ ಅಂಗಿ

"ಗಂಡ ತೀರಿಕೊಂಡ ಮೇಲೆ ಹೆಂಡತಿ ಕಟ್ಟಿಸಿದ್ದಂತೆ ಇದು," ಎಂದ ಕ್ಲಾರೆನ್ಸ್, ಗುಮ್ಮಟ ಒಡೆದು ಒಳಗಿನಿಂದ ಆಕಾಶ ಕಾಣುತ್ತಿದ್ದ ಗೋರಿಯ ಗೋಡೆಯನ್ನು ಅಂಗೈಯಲ್ಲಿ ತಟ್ಟುತ್ತಾ. "ಬೀಬಿ ಮರಿಯಮ್ ಅಂತ ಹೆಸರು. ಈ ಕಲ್ಹಾತ್ ಆಗ ದೊಡ್ಡ ಪಟ್ಟಣ ಮಾರಾಯ್ರೆ. ನಮ್ಮ ಕಡೆಯ ಹಡಗೆಲ್ಲ ಇಲ್ಲಿಗೇ ಬರ್ತಿತ್ತಂತೆ. ಈಗ ನೋಡಿ, ಉಳಿದದ್ದು ಈ ಗೋರಿ ಒಂದು, ಮತ್ತೆ ಆಡುಗಳು."

"ಗಂಡನ ಮೇಲೆ ಅಷ್ಟು ಪ್ರೀತಿಯಾ?" ಎಂದು ನಕ್ಕಳು ಬೀಟ್ರಿಸ್. "ನಾನಾದ್ರೆ ಇಗರ್ಜಿಯಲ್ಲಿ ಒಂದು ಪೂಜೆ ಮಾಡಿಸಿ ಸುಮ್ನೆ ಇರ್ತಿದ್ದೆ."

ಅವಳ ಗಂಡ ಸ್ಟ್ಯಾನ್ಲಿಯೂ ನಕ್ಕ. ಸ್ವರ್ಣಲತಾ ನಗಲಿಲ್ಲ. ಅವಳು ನೋಡುತ್ತಿದ್ದದ್ದು ಗೋರಿಯನ್ನಲ್ಲ, ಸ್ಟ್ಯಾನ್ಲಿಯನ್ನು. ನಗುವಾಗ ಕುಣಿಯುವ ಆ ದಪ್ಪ ಕುತ್ತಿಗೆಯನ್ನು. ಇವತ್ತು ಸಂಜೆಯೊಳಗೆ ಆ ಕುತ್ತಿಗೆಯನ್ನು ನೀರಿನಲ್ಲಿ ಅದುಮಿ ಹಿಡಿಯದಿದ್ದರೆ ನಾನು ನನ್ನ ಅಪ್ಪನಿಗೆ ಹುಟ್ಟಿದವಳೇ ಅಲ್ಲ ಎಂದು ಬೆಳಿಗ್ಗೆ ಮಸ್ಕತ್ ಬಿಡುವಾಗಲೇ ದೇವರ ಫೋಟೋದ ಮುಂದೆ ಹೇಳಿಕೊಂಡು ಬಂದಿದ್ದಳು.

ಒಂದು ವರ್ಷದ ಹಿಂದೆ, ಇಂಥದೇ ಚಳಿಗಾಲದ ಶುಕ್ರವಾರ, ಇದೇ ಕ್ಲಾರೆನ್ಸ್ ಊರವರನ್ನು ಸುತ್ತಾಡಿಸಲು ಕರೆತಂದ ಗುಂಪಿನಲ್ಲಿ ಅವಳ ತಮ್ಮ ಲೋಕನಾಥ ಇದ್ದ. ಇಲ್ಲಿಂದ ಹಿಂದಿರುಗುವ ದಾರಿಯಲ್ಲಿ ಬಿಮ್ಮಾದ ನೀರಿನ ಹೊಂಡಕ್ಕೆ ಅವನು ಹಾರಿದ್ದನ್ನು ಎಲ್ಲರೂ ನೋಡಿದ್ದರು. ಮೇಲೆ ಬಂದದ್ದನ್ನು ಯಾರೂ ನೋಡಲಿಲ್ಲ. ಮರುದಿನ ಬೆಳಿಗ್ಗೆ ಪೊಲೀಸರು ಹೆಣ ತೆಗೆದರು. ತಲೆಯ ಹಿಂದೆ ಪೆಟ್ಟಿತ್ತು. ಹಾರುವಾಗ ಬಂಡೆಗೆ ಬಡಿದಿರಬೇಕು ಎಂದರು, ಅಲ್ಲಿಗೆ ಎಲ್ಲ ಖಲಾಸ್.

ಖಲಾಸ್ ಅಂತೆ. ಹೇಳುವವರಿಗೆ ಏನು, ಸುಲಭ. ತಮ್ಮ ಹೋದದ್ದು ಯಾರಿಗೆ?

"ಸ್ವರ್ಣ, ಟೊಪ್ಪಿ ಹಾಕು. ಬಿಸಿಲು ತಲೆಗೆ ಹತ್ತುತ್ತೆ ಮತ್ತೆ," ಎಂದು ಹಿಂದಿನಿಂದ ಅವಳ ಗಂಡ ಸೇಸಪ್ಪ ಟೊಪ್ಪಿ ಚಾಚಿದ. ಇನ್ನೊಂದು ಕೈಯಲ್ಲಿ ಚಹಾದ ಫ್ಲಾಸ್ಕ್. ಅಲ್ ಖುವೈರಿನ ಕಂಪನಿಯೊಂದರಲ್ಲಿ ವೀಸಾ, ಲೇಬರ್ ಕಾರ್ಡುಗಳ ಕೆಲಸ ನೋಡಿಕೊಳ್ಳುವ ಸೇಸಪ್ಪನೆಂದರೆ ಊರ ಕಡೆಯ ಹುಡುಗರಿಗೆಲ್ಲ ದೇವರ ಸಮಾನ. ತಮ್ಮ ಸತ್ತ ಜಾಗಕ್ಕೆ ಒಂದು ಹಿಡಿ ಹೂವು ಹಾಕಿ ಬರಬೇಕು ಎಂದು ಅವಳು ಹಟ ಹಿಡಿದಾಗ ಮೊದಲು ಬೇಡವೆಂದ. ಹಳೇ ಗಾಯ ಯಾಕೆ ಕೆದಕುವುದು ಎಂದ. ಅವಳು ಕೇಳದಿದ್ದಾಗ, ಹಾಗಾದರೆ ನಾನೂ ಬರುತ್ತೇನೆ ಎಂದು ರಜೆ ಹಾಕದೆ ಬಂದಿದ್ದ. ಶುಕ್ರವಾರ ಹೇಗೂ ರಜೆ.

ಅವನಿಗೆ ಅವಳು ಆ ಫೋಟೋದ ವಿಷಯ ಹೇಳಿರಲಿಲ್ಲ. ಬಿ.ಪಿ. ಮನುಷ್ಯ, ಸುಮ್ಮನೆ ಗಾಬರಿ ಬೀಳುತ್ತಾನೆ.

ಫೋಟೋ ಕೈಗೆ ಬಂದದ್ದು ಹೋದ ವಾರ. ಸ್ವರ್ಣಲತಾ ಲೆಕ್ಕ ಕಲಿಸುವ ಶಾಲೆಯಲ್ಲೇ ಹೊಲಿಗೆ ಕಲಿಸುವ ಕ್ಲೆಮೆಂಟಿನಾ ಕಳೆದ ವರ್ಷ ಆ ಗುಂಪಿನಲ್ಲಿದ್ದವಳು. ನಮ್ಮ ಜನ ಗೊತ್ತಲ್ಲ, ಕ್ಯಾಮೆರಾದ ರೀಲು ಪೂರ್ತಿ ಮುಗಿಯದೆ ತೊಳೆಯಲು ಕೊಟ್ಟರೆ ನಷ್ಟ ಎಂದು ಎದೆ ಹೊಡೆದುಕೊಳ್ಳುವವರು. ಕೊನೆಯ ನಾಲ್ಕು ಚಿತ್ರ ಉಳಿದಿದ್ದ ರೀಲು ವರ್ಷವಿಡೀ ಕಪಾಟಿನಲ್ಲಿ ಕೂತಿತ್ತು. ಇಗರ್ಜಿಯಲ್ಲಿ ನಡೆದ ಮಗಳ ಮೊದಲ ಕೊಮ್ಯುನಿಯನ್ನಿಗೆ ಅದನ್ನು ಮುಗಿಸಿ ತೊಳೆಸಿದಾಗ, ಕೇಕು ಮತ್ತು ಬಿಳಿ ಫ್ರಾಕಿನ ನಡುವೆ ಲೋಕನಾಥ ಸಿಕ್ಕಿದ.

"ನಿನ್ನ ತಮ್ಮನ ಕಡೇ ಫೋಟೋ, ಇಟ್ಕೋ," ಎಂದು ಕ್ಲೆಮೆಂಟಿನಾ ಸ್ಟಾಫ್ ರೂಮಿನಲ್ಲಿ ಕಣ್ಣೀರು ಒರೆಸಿಕೊಂಡು ಕೊಟ್ಟಿದ್ದಳು. ಹೊಂಡದ ಎದುರು ದಡದಿಂದ ತೆಗೆದದ್ದು. ಬಂಡೆಯ ಅಂಚಿನಿಂದ ಜಿಗಿದು ಗಾಳಿಯಲ್ಲಿರುವ ಒಬ್ಬ ಗಂಡಸು. ಹಳದಿ ಅಂಗಿ. ದೂರದಿಂದ ತೆಗೆದದ್ದರಿಂದ ಮುಖ ಸಣ್ಣದು, ಬದಿಯಿಂದ ಮಾತ್ರ ಕಾಣುತ್ತದೆ. ಒಂದು ಕೈ ಅಗಲಕ್ಕೆ ಚಾಚಿದೆ, ಇನ್ನೊಂದು ಕೈ ಮುಷ್ಟಿ ಕಟ್ಟಿ ಗಂಟಲ ಕೆಳಗೆ ಒತ್ತಿಕೊಂಡಿದೆ.

ಸ್ವರ್ಣಲತಾ ಮೊದಲು ಅತ್ತಳು. ಮನೆಗೆ ಬಂದು ಬಾಗಿಲು ಹಾಕಿ ಮತ್ತೊಮ್ಮೆ ನೋಡಿದಳು. ಅಳು ನಿಂತುಹೋಯಿತು.

ಗಾಳಿಯಲ್ಲಿದ್ದವನಿಗೆ ಗಡ್ಡ ಇರಲಿಲ್ಲ.

ಲೋಕನಾಥನ ಹೆಂಡತಿ ಉಮಾವತಿ ಆಗ ಊರಿನಲ್ಲಿ ಏಳು ತಿಂಗಳ ಬಸುರಿ. ಹೆಂಡತಿ ಬಸುರಿಯಾದರೆ ಗಂಡ ಗಡ್ಡಕ್ಕೆ ಕತ್ತಿ ತಾಗಿಸಬಾರದು, ಸಮುದ್ರಕ್ಕೆ ಇಳಿಯಬಾರದು ಎಂಬುದು ಅವರ ಮನೆಯಲ್ಲಿ ಅಜ್ಜಂದಿರ ಕಾಲದಿಂದ ಬಂದ ಕಟ್ಟುಪಾಡು. ಸಾಯುವ ಹಿಂದಿನ ದಿನ, ಗುರುವಾರ, ಅಕ್ಕನ ಮನೆಗೆ ಊಟಕ್ಕೆ ಬಂದವನ ಗಡ್ಡ ಎದೆಗೆ ಇಳಿದಿತ್ತು. "ಎಂತ ಸನ್ಯಾಸಿ, ಮೀನು ಬಡಿಸ್ಲಾ ಬೇಡ್ವಾ?" ಎಂದು ಅವಳು ತಮಾಷೆ ಮಾಡಿದ್ದಳು. ಶವಾಗಾರದಲ್ಲಿ ಬಟ್ಟೆ ಸರಿಸಿ ತೋರಿಸಿದಾಗಲೂ ಆ ಗಡ್ಡ ಹಾಗೇ ಇತ್ತು. ಕೂದಲಿನ ಸಂದಿಯಲ್ಲಿ ಉಪ್ಪು ಒಣಗಿ ಬೆಳ್ಳಗಾಗಿತ್ತು. ಅದನ್ನು ಅವಳು ತನ್ನ ಸೆರಗಿನಿಂದ ಒರೆಸಿದ್ದಳು.

ಹಾಗಾದರೆ ಹಳದಿ ಅಂಗಿ ತೊಟ್ಟು ನಾಲ್ಕು ಜನರ ಕಣ್ಣಿಗೆ ಬೀಳುವ ಹಾಗೆ ಹಾರಿದವನು ಯಾರು?

ಊರಿನಲ್ಲಿ ಏನಾಯಿತೋ ಅದನ್ನೂ ಹೇಳಿಬಿಡಬೇಕು. ಹೆಣದ ಜೊತೆ ಹೋದವನು ಸೇಸಪ್ಪ. ಅಲ್ಲಿ ಸ್ವರ್ಣಲತಾಳ ಮುದಿ ತಾಯಿಗೆ ಸಮಾಧಾನ ಹೇಳುವಾಗ, ಆ ಹೊಂಡದ ನೀರು ಒಳಗಿನಿಂದ ಸಮುದ್ರದ್ದೇ ಅಂತೆ ಅತ್ತೆ, ಹೆಂಡತಿ ಬಸುರಿ ಇರುವಾಗ ಇಳಿಯಬಾರದಿತ್ತು ಎಂದುಬಿಟ್ಟ. ಬಾಯಿ ತಪ್ಪಿ ಬಂದ ಮಾತು, ಪಾಪ. ಆದರೆ ಅದು ಕೇರಿ ತುಂಬ ಹರಡಿತು. ಶಾಸ್ತ್ರ ಮುರಿದ, ಸಮುದ್ರ ಬಿಡಲಿಲ್ಲ ಎಂದರು. ಆಮೇಲೆ ಯಾರೂ ಒಂದು ಪ್ರಶ್ನೆ ಕೇಳಲಿಲ್ಲ. ಹುಟ್ಟಿದ ಹೆಣ್ಣು ಮಗುವನ್ನು ಅಪ್ಪನನ್ನು ತಿಂದು ಬಂದವಳು ಎಂದು ಅಜ್ಜಿಯೇ ಎತ್ತಿಕೊಳ್ಳಲಿಲ್ಲ. ಉಮಾವತಿ ಆ ಕೂಸನ್ನು ಕಟ್ಟಿಕೊಂಡು ತವರಿನ ಹಿತ್ತಿಲ ಕೋಣೆಯಲ್ಲಿದ್ದಾಳೆ.

ತಮ್ಮ ಶಾಸ್ತ್ರ ಮುರಿಯಲಿಲ್ಲ. ಅವನು ನೀರಿಗೆ ಇಳಿಯಲೇ ಇಲ್ಲ. ಅದನ್ನು ಲೋಕದ ಮುಂದೆ ಹೇಳಿಸಬೇಕು. ಹೇಳಿಸಿದ ಮೇಲೆ, ಮಾಡಿದವನು ಅದೇ ಉಪ್ಪು ನೀರು ಕುಡಿಯಬೇಕು. ಸ್ವರ್ಣಲತಾಳಿಗೆ ಈ ಜನ್ಮದಲ್ಲಿ ಬೇರೆ ಆಸೆ ಉಳಿದಿರಲಿಲ್ಲ.

ಸ್ಟ್ಯಾನ್ಲಿಯ ಮೇಲೆ ಅನುಮಾನ ಬಂದದ್ದಕ್ಕೆ ಕಾರಣ ಉಂಟು. ವಾದಿ ಕಬೀರಿನ ಗ್ಯಾರೇಜೊಂದಕ್ಕೆ ಅವನು ಮ್ಯಾನೇಜರ್, ಲೋಕನಾಥ ಅಲ್ಲಿಯೇ ಸ್ಟೋರು ನೋಡಿಕೊಳ್ಳುತ್ತಿದ್ದ. ಕೆಲಸ ಕೊಡಿಸುತ್ತೇವೆಂದು ಊರಿನಿಂದ ಕರೆಸಿದ ಹುಡುಗರನ್ನು ಪಾಸ್‌ಪೋರ್ಟ್ ಕಿತ್ತುಕೊಂಡು ಗ್ಯಾರೇಜಿನ ಹಿಂದಿನ ಶೆಡ್ಡಿನಲ್ಲಿ ತುಂಬಿದ್ದರು. ಆ ಗುರುವಾರ ಊಟಕ್ಕೆ ಕೂತಾಗ ಲೋಕನಾಥ ಹೇಳಿದ್ದ: "ಅಕ್ಕ, ನಮ್ಮ ಮಕ್ಕಳಿಗೆ ಭಾರೀ ಮೋಸ ಆಗ್ತಾ ಉಂಟು. ಶನಿವಾರ ನಮ್ಮ ಅರಬಿ ಧಣಿ, ಆ ಕಫೀಲನ ಹತ್ರವೇ ಹೋಗಿ ಎಲ್ಲ ಹೇಳ್ತೇನೆ."

"ಯಾರು ಮಾಡುದು ಅದು?"

"ಈಗ ಕೇಳ್ಬೇಡ. ನಿಂಗೆ ಆಮೇಲೆ ಗೊತ್ತಾಗ್ತದೆ," ಎಂದು ತಟ್ಟೆಯ ಕಡೆಗೆ ತಲೆ ಬಗ್ಗಿಸಿದ್ದ. ಒಳಗಿನ ಕೋಣೆಯಲ್ಲಿ ಸೇಸಪ್ಪ ಟಿ.ವಿ. ನೋಡುತ್ತಿದ್ದ, ಅದರ ಗದ್ದಲದಲ್ಲಿ ಮಾತು ಅಲ್ಲಿಗೇ ನಿಂತಿತು.

ಗ್ಯಾರೇಜು ನಡೆಸುವವನು ಸ್ಟ್ಯಾನ್ಲಿ, ಶೆಡ್ಡಿನ ಬೀಗದ ಕೈ ಸ್ಟ್ಯಾನ್ಲಿಯದು. ಇನ್ನು ಯಾರು? ಆ ಸ್ಟ್ಯಾನ್ಲಿ ನಾಳೆ ಶನಿವಾರದ ವಿಮಾನಕ್ಕೆ ಹೆಂಡತಿಯನ್ನು ಕಟ್ಟಿಕೊಂಡು ಬೊಂಬಾಯಿಗೆ, ಅಲ್ಲಿಂದ ಕೆನಡಾಕ್ಕೆ ಹೊರಟಿದ್ದ. ಒಮ್ಮೆ ಹೋದರೆ ಮತ್ತೆ ಕೈಗೆ ಸಿಗುವ ಆಸಾಮಿಯಲ್ಲ. ಅದಕ್ಕೇ ಸ್ವರ್ಣಲತಾ ನಾಲಿಗೆಗೆ ಜೇನು ಸವರಿಕೊಂಡು, ಬೀಳ್ಕೊಡುವ ಪ್ರವಾಸವೆಂದು ಅವರಿಬ್ಬರನ್ನೂ ಕರೆತಂದಿದ್ದಳು.

ಗೋರಿಯ ನೆರಳಿನಲ್ಲಿ ಚಾಪೆ ಹಾಸಿ ಊಟಕ್ಕೆ ಕೂತರು. ಬೀಟ್ರಿಸ್ ಇಡ್ಲಿಯಂಥ ಸಣ್ಣಾಸ್ ತಂದಿದ್ದಳು, ಸ್ವರ್ಣಲತಾ ಕೋಳಿ ಸುಕ್ಕ. ಸ್ಟ್ಯಾನ್ಲಿ ಎರಡೂ ಕೈ ಹಾಕಿ ಬಾರಿಸತೊಡಗಿದ.

"ನೋಡು ಹೇಗೆ ತಿಂತಾರೆ," ಎಂದಳು ಬೀಟ್ರಿಸ್. "ಹೋದ ವರ್ಷ ಇದೇ ಜಾಗದಲ್ಲಿ ನಾನು ಬಾಯಿಗೆ ಇಟ್ಟು ತಿನ್ನಿಸಿದ್ದು. ಚಿಕ್ಕ ಮಗುವಿನ ಹಾಗೆ."

"ಯಾಕೆ?" ಎಂದು ಕೇಳಿದಳು ಸ್ವರ್ಣಲತಾ. ಕೈ ತುತ್ತಿನಲ್ಲೇ ನಿಂತಿತ್ತು.

"ಕೈ ಮುರಿದಿತ್ತಲ್ಲ. ನಿಂಗೆ ಗೊತ್ತಿಲ್ವಾ? ಗ್ಯಾರೇಜಲ್ಲಿ ಜ್ಯಾಕ್ ಜಾರಿ ಬಲಗೈ ಎರಡು ತುಂಡು. ಇಲ್ಲಿಂದ ಇಲ್ಲಿವರೆಗೆ ಪ್ಲಾಸ್ಟರ್." ಅವಳು ಗಂಡನ ಭುಜದಿಂದ ಬೆರಳಿನವರೆಗೆ ತೋರಿಸಿದಳು. "ಮನೆಯಲ್ಲೇ ಇರಿ ಅಂದ್ರೆ ಕೇಳ್ಲಿಲ್ಲ. ಹೊಂಡದ ಹತ್ರ ಕಾರಿನಿಂದ ಇಳೀಲೂ ಇಲ್ಲ ಪಾಪ. ಕ್ಲೆಮೆಂಟಿನಾ ಫೋಟೋ ತೆಗ್ದಿದ್ಳು, ಕೇಳು ಬೇಕಾದ್ರೆ."

"ಇನ್ನೂ ಚಳಿಗೆ ನೋವು ಬರ್ತದೆ," ಎಂದ ಸ್ಟ್ಯಾನ್ಲಿ, ತೋಳು ಮೇಲೇರಿಸಿ. ಮೊಣಕೈಯ ಬಳಿ ಹೊಲಿಗೆಯ ಗುರುತು ಹೊಳೆಯುತ್ತಿತ್ತು.

ಸ್ವರ್ಣಲತಾ ಆ ಗುರುತನ್ನೇ ನೋಡುತ್ತಾ ಕೂತಳು. ಫೋಟೋದಲ್ಲಿ ಹಾರಿದವನ ಎರಡೂ ತೋಳು ಸ್ಪಷ್ಟವಾಗಿ ಕಾಣುತ್ತಿದ್ದವು. ಪ್ಲಾಸ್ಟರ್ ಕಟ್ಟಿದ ಕೈಯವನು ಹಾಗೆ ಹಾರಲಾರ, ಹಾರಿದರೆ ಮೇಲೆ ಬರಲಾರ. ವಾರವಿಡೀ ಹೊಟ್ಟೆಯಲ್ಲಿ ಬೆಂಕಿ ಇಟ್ಟುಕೊಂಡು ಕಾದದ್ದು ಯಾವನಿಗಾಗಿಯೋ ಅವನಲ್ಲ ಎಂದರೆ ಹೇಗಾಗಬೇಕು? ಅವಳಿಗೆ ಸಮಾಧಾನವಾಗಲಿಲ್ಲ, ಸಿಟ್ಟು ಬಂತು. ಇವನಲ್ಲದಿದ್ದರೆ ಯಾವನು?

"ಊಟ ಮಾಡು," ಎಂದ ಸೇಸಪ್ಪ ಮೆತ್ತಗೆ. "ಎಂತ ಯೋಚನೆ?"

"ಎಂತ ಇಲ್ಲ," ಎಂದಳು.

ಕ್ಲಾರೆನ್ಸನ ಲ್ಯಾಂಡ್ ಕ್ರೂಸರ್ ಕಲ್ಲು ದಾರಿಯಲ್ಲಿ ಕುಲುಕಾಡುತ್ತಾ ಸಮುದ್ರದ ಪಕ್ಕದಲ್ಲೇ ಹಿಂದಿರುಗಿತು. ಬೀಟ್ರಿಸ್ ನಿದ್ದೆ ಹೋದಳು. ಸೇಸಪ್ಪ ಮುಂದಿನ ಸೀಟಿನಲ್ಲಿ ಕೂತು ಒಂದೂ ಮಾತಾಡಲಿಲ್ಲ. ಕ್ಲಾರೆನ್ಸ್ ಕೂಡ. ಬೆಳಿಗ್ಗೆ ಬಾಯಿ ಮುಚ್ಚದೆ ಹರಟಿದವನು ಹೊಂಡ ಹತ್ತಿರವಾದಂತೆ ಬಾಯಿಗೆ ಬೀಗ ಹಾಕಿಕೊಂಡಿದ್ದ. ಹಿಂದಿನ ಸೀಟಿನಿಂದ ಸ್ವರ್ಣಲತಾ ಅದನ್ನು ಗಮನಿಸಿದಳು.

ಬಯಲಿನ ನಡುವೆ ನೆಲ ಬಾಯಿ ತೆರೆದ ಹಾಗಿತ್ತು ಹೊಂಡ. ಹತ್ತಿರ ಹೋಗುವವರೆಗೆ ಕಾಣುವುದಿಲ್ಲ, ಹೋದರೆ ಕಾಲ ಬುಡದಲ್ಲೇ ಇದೆ. ಆಳದಲ್ಲಿ ಹಸಿರು ನೀರು, ಸುತ್ತ ಒಳಕ್ಕೆ ಕೊರೆದ ಬಂಡೆ. ಆಕಾಶದಿಂದ ನಕ್ಷತ್ರ ಬಿದ್ದು ಆದದ್ದು ಎಂದು ಅಲ್ಲಿನವರು ಹೇಳುತ್ತಾರೆ. ಸ್ವರ್ಣಲತಾ ಇಲ್ಲಿಗೆ ಬರುತ್ತಿರುವುದು ಇದೇ ಮೊದಲು. ಇಷ್ಟು ಚಂದದ ಜಾಗದಲ್ಲಿ ಅವನನ್ನು ಕೊಂದರಲ್ಲ ಎಂದು ಹಲ್ಲು ಕಚ್ಚಿದಳು.

ಸೇಸಪ್ಪ ಕಾರಿನ ನೆರಳಿನಲ್ಲಿ ಕೂತ. ಸ್ಟ್ಯಾನ್ಲಿ, ಬೀಟ್ರಿಸ್ ಅಂಚಿನಲ್ಲಿ ನಿಂತು ಇಣುಕಿದರು. ಸ್ವರ್ಣಲತಾ ಸೆರಗು ಸೊಂಟಕ್ಕೆ ಸಿಕ್ಕಿಸಿ ಕ್ಲಾರೆನ್ಸನ ಹಿಂದೆ ಕಲ್ಲು ಹಿಡಿದುಕೊಂಡು ಕೆಳಗಿಳಿದಳು. ನೀರಿನ ಬದಿಯ ಬಂಡೆಯ ಮೇಲೆ ಹೂವಿಟ್ಟಳು. ಬೊಗಸೆಯಲ್ಲಿ ನೀರು ತೆಗೆದು ನಾಲಿಗೆಗೆ ತಾಗಿಸಿದಳು. ಉಪ್ಪು. ತಮ್ಮ ಇದನ್ನು ಮುಟ್ಟುತ್ತಿರಲಿಲ್ಲ, ಖಂಡಿತ ಮುಟ್ಟುತ್ತಿರಲಿಲ್ಲ.

"ಅವನು ಎಲ್ಲಿಂದ ಹಾರಿದ್ದು, ಕ್ಲಾರೆನ್ಸ್?"

"ಅದೋ, ಅಲ್ಲಿಂದ." ಅರ್ಧ ಎತ್ತರದಲ್ಲಿ ಚಾಚಿಕೊಂಡಿದ್ದ ಬಂಡೆಯನ್ನು ಅವನು ತೋರಿಸಿದ.

"ನೀನೊಮ್ಮೆ ಹಾರಿ ತೋರಿಸು."

"ನಾನಾ? ಬೇಡ ಅಕ್ಕ. ನೀರು ಕೋಲ್ಡ್ ಉಂಟು."

"ನನ್ನ ತಮ್ಮ ಹೇಗೆ ಹೋದ ಅಂತ ನಂಗೊಮ್ಮೆ ನೋಡ್ಬೇಕು. ಇಷ್ಟು ದೂರ ಬಂದದ್ದೇ ಅದಕ್ಕೆ. ಇನ್ನು ನಾನು ಇಲ್ಲಿಗೆ ಬರುವವಳಲ್ಲ."

ಮೇಲಿನಿಂದ ಬೀಟ್ರಿಸ್ ಕೂಗಿದಳು: "ಹಾರು ಕ್ಲಾರೆನ್ಸ್. ನೀನು ಕೂಳೂರು ಹೊಳೆಯಲ್ಲಿ ಬೆಳೆದವ, ನಿಂಗೆ ಎಂತದು ಕೋಲ್ಡ್?"

ಸೇಸಪ್ಪ ಎದ್ದು ಅಂಚಿಗೆ ಬಂದ. "ಬೇಡ. ಸುಮ್ನೆ ಯಾಕೆ ರಿಸ್ಕು?" ಎಂದ. ಅಷ್ಟರಲ್ಲಿ ಕ್ಲಾರೆನ್ಸ್ ಬಂಡೆ ಏರಿ ಆಗಿತ್ತು. ಸತ್ತವನ ಅಕ್ಕ ಹಾಗೆ ಕೇಳಿದಾಗ ಇಲ್ಲ ಎನ್ನಲು ಅವನಿಗೆ ಬಾಯಿ ಬರಲಿಲ್ಲ.

ಅವನು ಅಂಚಿನಲ್ಲಿ ನಿಂತ. ಅಂಗಿಯೊಳಗೆ ಕೈ ಹಾಕಿ, ಕುತ್ತಿಗೆಯಲ್ಲಿದ್ದ ದಾರವನ್ನು, ಅದರ ತುದಿಯಲ್ಲಿದ್ದ ಪುಟ್ಟ ಶಿಲುಬೆಯನ್ನು ಮುಷ್ಟಿಯಲ್ಲಿ ಹಿಡಿದುಕೊಂಡ. ನೀರಿಗೆ ಹಾರುವಾಗ ದಾರ ಹಾರಿ ಹೋಗಬಾರದೆಂದು ಹೊಳೆಯ ಬದಿಯ ಕ್ರೈಸ್ತರ ಮಕ್ಕಳು ಚಿಕ್ಕಂದಿನಿಂದ ಹಾಗೆಯೇ ಹಿಡಿಯುತ್ತಾರೆ. ಯೋಚಿಸಿ ಮಾಡುವ ಕೆಲಸವಲ್ಲ ಅದು, ಕೈ ತನ್ನಷ್ಟಕ್ಕೆ ಹೋಗುತ್ತದೆ. ಒಂದು ಕೈ ಅಗಲಕ್ಕೆ ಚಾಚಿ, ಇನ್ನೊಂದನ್ನು ಗಂಟಲ ಕೆಳಗೆ ಒತ್ತಿಕೊಂಡು ಕ್ಲಾರೆನ್ಸ್ ಜಿಗಿದ.

ಸ್ವರ್ಣಲತಾಳ ಕೈಚೀಲದಲ್ಲಿದ್ದ ಫೋಟೋ ಕಣ್ಣೆದುರು ನಡೆದುಹೋಯಿತು. ಹಳದಿ ಅಂಗಿ ಒಂದು ಇರಲಿಲ್ಲ, ಅಷ್ಟೇ.

ಲೋಕನಾಥನ ಕುತ್ತಿಗೆಯಲ್ಲಿ ದಾರವೂ ಇರಲಿಲ್ಲ, ಶಿಲುಬೆಯೂ ಇರಲಿಲ್ಲ. ಏನನ್ನು ಹಿಡಿದುಕೊಳ್ಳಲು ಅವನ ಮುಷ್ಟಿ ಗಂಟಲಿಗೆ ಹೋಗಬೇಕು?

ಕ್ಲಾರೆನ್ಸ್ ನೀರಿನಿಂದ ತಲೆ ಎತ್ತಿ, ಕೂದಲು ಕೊಡವಿ ಈಜುತ್ತಾ ಬಂದ. ಮೇಲಿನವರು ಚಪ್ಪಾಳೆ ತಟ್ಟಿದರು. "ಇನ್ನು ಮೇಲೆ ಹೋಗಿ ಚಹಾ ಕುಡೀರಿ. ನಾನು ಸ್ವಲ್ಪ ಹೊತ್ತು ಇಲ್ಲಿ ಕೂತು ಬರ್ತೇನೆ," ಎಂದು ಸ್ವರ್ಣಲತಾ ಅವರಿಗೆ ಕೂಗಿ ಹೇಳಿದಳು. ಅಂಚಿನ ತಲೆಗಳು ಮರೆಯಾಗುವವರೆಗೆ ಕಾದಳು. ಆಮೇಲೆ ಫೋಟೋ ತೆಗೆದು, ಬಂಡೆಗೆ ಒರಗಿ ಏದುಸಿರು ಬಿಡುತ್ತಿದ್ದವನ ಮೂಗಿನ ಮುಂದೆ ಹಿಡಿದಳು.

"ಇದು ಯಾರು?"

ಕ್ಲಾರೆನ್ಸ್ ನೋಡಿದ. ಮೈಯ ನೀರಿನ ಜೊತೆ ಮುಖದ ರಕ್ತವೂ ಇಳಿದು ಹೋಯಿತು.

"ನಿಮ್ಮ ತಮ್ಮ..."

"ನನ್ನ ತಮ್ಮನಿಗೆ ಗಡ್ಡ ಇತ್ತು. ಕೆನ್ನೆ ನೋಡು. ಕೈ ನೋಡು. ಈಗ ನಿನ್ನ ಕೈ ಎಲ್ಲಿ ಉಂಟು ನೋಡು."

ಅವನ ಮುಷ್ಟಿ ತನ್ನಷ್ಟಕ್ಕೆ ಮತ್ತೆ ಶಿಲುಬೆಯ ಮೇಲೆ ಹೋಗಿತ್ತು. ಬೆಂಕಿ ತಾಗಿದವನಂತೆ ಬಿಟ್ಟ.

"ಒಂದು ಸುಳ್ಳು ಹೇಳಿದ್ರೆ ಈ ಫೋಟೋ ಇವತ್ತೇ ಪೊಲೀಸರ ಕೈಗೆ ಹೋಗ್ತದೆ," ಎಂದಳು ಸ್ವರ್ಣಲತಾ. "ಲೈಸೆನ್ಸ್ ಇಲ್ದೆ ಗಾಡಿ ಓಡಿಸ್ತಿ, ಜನರನ್ನು ಕರ್ಕೊಂಡು ಬರ್ತಿ. ಅದು ಬಿಡು. ಕೊಲೆಗೆ ಇಲ್ಲಿ ತಲೆಯೇ ಹೋಗುದು. ನಿನ್ನ ಅಮ್ಮನಿಗೆ ಹೆಣವೂ ಸಿಕ್ಕುದಿಲ್ಲ. ನಂಗೆ ಸಿಕ್ಕಿತ್ತು, ನೋಡು, ನನ್ನದು ಪುಣ್ಯ."

"ಅಕ್ಕ, ನಾನು ಕೊಲ್ಲಲಿಲ್ಲ. ಅಮ್ಮನ ಮೇಲೆ ಆಣೆ." ಅವನು ಕೂತಲ್ಲೇ ಕುಸಿದ. "ಅವ ಸಾಯ್ತಾನೆ ಅಂತ ನಂಗೆ ಗೊತ್ತಿದ್ರೆ ನಾನು ಹಾರ್ತಿದ್ನಾ?"

"ಯಾಕೆ ಹಾರಿದೆ ಹಾಗಾದ್ರೆ?"

"ಲೋಕು ಓಡಿ ಹೋಗ್ತಾನೆ ಅಂತ ಹೇಳಿದ್ರು ನಂಗೆ. ಗ್ಯಾರೇಜಿನ ಲಫಡಾದಲ್ಲಿ ಅವನ ಹೆಸರು ಬಂದಿದೆ, ಕಫೀಲ ಒಳಗೆ ಹಾಕಿಸ್ತಾನೆ, ರಾತ್ರಿ ಬುರೈಮಿ ಗಡಿಯಿಂದ ಆಚೆ ದಾಟಿಸ್ಬೇಕು, ದುಬೈಗೆ. ಇಲ್ಲಿ ನೀರಲ್ಲಿ ಮುಳುಗಿದ ಅಂತ ಆದ್ರೆ ಯಾರೂ ಹುಡುಕುದಿಲ್ಲ ಅಂದ್ರು. ಲೋಕುವಿಗೂ ಎಲ್ಲ ಗೊತ್ತುಂಟು, ಅವನೇ ಕೇಳಿದ್ದು ಅಂದ್ರು. ನಾನು ನಂಬಿದೆ."

"ಆಮೇಲೆ?"

"ಇಲ್ಲಿಗೆ ಬಂದ ಮೇಲೆ ಲೋಕು ಆ ಸಮುದ್ರದ ಕಡೆ ನಡ್ಕೊಂಡು ಹೋದ. ಅಲ್ಲಿಗೆ ಬರ್ಲಿಕ್ಕೆ ಅವರೇ ಹೇಳಿದ್ದು ಅವನಿಗೆ, ಕಾರು ನಿಂತಿತ್ತು. ನಾನು ಅಡಿಗೆ ಮಾಡ್ತೇನೆ ಅಂತ ಹೇಳಿ, ಹಳದಿ ಅಂಗಿ ಹಾಕ್ಕೊಂಡು ಹಿಂದಿನಿಂದ ಇಳ್ದು ಹಾರಿದೆ. ಆ ಬಂಡೆ ಅಡಿಯಲ್ಲಿ ಒಂದು ಪೊಟರೆ ಉಂಟು, ತಲೆ ಎತ್ತಿ ಉಸಿರಾಡ್ಬಹುದು, ಮೇಲಿನಿಂದ ಕಾಣುದಿಲ್ಲ. ಎಲ್ಲ ಬೊಬ್ಬೆ ಹೊಡೆದು ಮೇಲೆ ಓಡಿದ ಮೇಲೆ ಹೊರಗೆ ಬಂದೆ." ಅವನು ಮುಖ ಮುಚ್ಚಿಕೊಂಡ. "ಮರುದಿನ ಪೊಲೀಸರ ಜೊತೆ ನಾನೂ ಇಲ್ಲೇ ನಿಂತಿದ್ದೆ. ಖಾಲಿ ನೀರು, ಎಂತ ಸಿಗ್ತದೆ ಅಂತ ಒಳಗೊಳಗೇ ನಗು ಬರ್ತಿತ್ತು ನಂಗೆ. ಆಗ ಲೋಕುವನ್ನು ಎತ್ತಿದ್ರು. ನನ್ನ ಕೈಕಾಲೇ ಬಿದ್ದು ಹೋಯ್ತು ಅಕ್ಕ. ರಾತ್ರಿ ತಂದು ಹಾಕಿದ್ದು. ನನ್ನ ಜಿಗಿತವೇ ಅವರಿಗೆ ಸಾಕ್ಷಿ ಆಯ್ತು."

ಸ್ವರ್ಣಲತಾ ಅವನ ಕೆನ್ನೆಗೆ ಬಾರಿಸಿದಳು. ಅವನು ತಪ್ಪಿಸಿಕೊಳ್ಳಲಿಲ್ಲ. ಇನ್ನೊಂದು ಬಾರಿಸಿದಳು.

"ಒಂದು ವರ್ಷ. ಒಂದು ವರ್ಷ ನನ್ನ ಮನೆಗೆ ಬಂದು ಚಹಾ ಕುಡ್ದು ಹೋಗಿದ್ದೀ. ಆ ಕೂಸನ್ನು ಅಪ್ಪನನ್ನು ತಿಂದದ್ದು ಅಂತಾರೆ ಊರಲ್ಲಿ. ಗೊತ್ತುಂಟಾ ನಿಂಗೆ?"

"ನನ್ನ ವೀಸಾ, ಪಾಸ್‌ಪೋರ್ಟ್ ಎಲ್ಲ ಅವರ ಕೈಯಲ್ಲಿ ಉಂಟು ಅಕ್ಕ. ಬಾಯಿ ಬಿಟ್ರೆ ನೀನೇ ಕೊ‌ಂದದ್ದು ಅಂತ ಹೇಳ್ತೇನೆ ಅಂದ್ರು."

"ಯಾರು ಅವರು?"

ಕ್ಲಾರೆನ್ಸ್ ತಲೆ ಅಲ್ಲಾಡಿಸಿದ.

"ಹೆಸರು ಹೇಳು."

"ಹೆಸರು ಮಾತ್ರ ನನ್ನ ಬಾಯಿಂದ ಬೇಡ ಅಕ್ಕ. ನಿಮ್ಮ ಕಾಲು ಹಿಡಿತೇನೆ. ನಿಮ್ಮ ಹತ್ರ ಹೇಳ್ಲಿಕ್ಕೆ ಆಗುದಿಲ್ಲ."

ನಿಮ್ಮ ಹತ್ರ. ಸ್ವರ್ಣಲತಾ ಆ ಮಾತಿಗೆ ತಡೆದು ನಿಂತಳು. ಲೋಕನಾಥನೂ ಅವಳ ಹತ್ತಿರ ಹೇಳಿರಲಿಲ್ಲ. ತಟ್ಟೆಗೆ ತಲೆ ಬಗ್ಗಿಸಿದ್ದ. ಸ್ಟ್ಯಾನ್ಲಿಯ ಹೆಸರಾಗಿದ್ದರೆ ಅಕ್ಕನಿಗೆ ಹೇಳಲು ಅವನಿಗೇನು ಅಡ್ಡಿ?

"ಅಂಗಿ," ಎಂದಳು. "ಅಂಗಿ ಎಲ್ಲಿಂದ ಬಂತು? ಲೋಕು ಬಿಚ್ಚಿ ಕೊಟ್ಟದ್ದಾ?"

"ಇಲ್ಲ. ಅವನ ಮೈಮೇಲೆ ಅವನದು ಇತ್ತು. ನಂಗೆ ಬೇರೆ ಕೊಟ್ಟದ್ದು, ಚೀಲದಲ್ಲಿ. ಥೇಟ್ ಅದೇ ಬಣ್ಣ, ಅದೇ ಬಟ್ಟೆ. ಇಸ್ತ್ರಿ ಮಾಡಿ ಮಡಚಿತ್ತು. ಆಮೇಲೆ ವಾಪಸ್ ತೆಗೊಂಡ್ರು."

ರೂವಿಯ ಅಂಗಡಿಯಲ್ಲಿ ಆ ದೀಪಾವಳಿಗೆ ಹಳದಿ ಬಟ್ಟೆ ಒಂದೇ ಥಾನಿನಿಂದ ಕತ್ತರಿಸಿಕೊಂಡು, ಒಂದೇ ಟೈಲರಿಗೆ ಕೊಟ್ಟು, ಎರಡು ಅಂಗಿ ಹೊಲಿಸಿದವಳು ಅವಳೇ. ಒಂದು ತಮ್ಮನಿಗೆ. ಭಾವ ಭಾವಮೈದ ಒಂದೇ ಥರ ಕಾಣಬೇಕು ಎಂದು ಇನ್ನೊಂದು ಗಂಡನಿಗೆ. ಇಸ್ತ್ರಿ ಮಾಡಿ ಕಪಾಟಿನಲ್ಲಿ ಇಟ್ಟವಳೂ ಅವಳೇ. ಆ ಅಂಗಿ ಎಲ್ಲಿ ಎಂದು ತಮ್ಮ ಸತ್ತು ತಿಂಗಳು ಕಳೆದ ಮೇಲೆ ಕೇಳಿದಾಗ, ನೋಡಿದರೆ ಲೋಕುವಿನ ನೆನಪು ಬರ್ತದೆ, ಯಾರಿಗೋ ಕೊಟ್ಟುಬಿಟ್ಟೆ ಎಂದು ಸೇಸಪ್ಪ ಕಣ್ಣು ತುಂಬಿಕೊಂಡಿದ್ದ. ಅವಳು ಅವನ ತಲೆ ನೇವರಿಸಿದ್ದಳು.

ತಮ್ಮ ಸತ್ತ ಆ ಶುಕ್ರವಾರ ಅವನು ನಿಜ್ವಾದ ಸೈಟಿನಲ್ಲಿ ಡ್ಯೂಟಿ ಎಂದು ನಸುಕಿಗೇ ಕಾರು ತೆಗೆದುಕೊಂಡು ಹೋಗಿದ್ದ. ಸಮುದ್ರದ ಕಡೆ ಕಾರು ನಿಂತಿತ್ತು. ವೀಸಾ ಅವನ ಕೈಯಲ್ಲಿ, ಊರಿನ ಹುಡುಗರನ್ನು ಕರೆಸುವವನೂ ಅವನೇ. ಸ್ಟ್ಯಾನ್ಲಿಯದು ಬರೀ ಶೆಡ್ಡು. ಸಮುದ್ರಕ್ಕೆ ಇಳಿಯಬಾರದಿತ್ತು ಎಂದು ಅತ್ತೆಯ ಕಿವಿಯಲ್ಲಿ ಹೇಳಿ ಇಡೀ ಊರಿನ ಕಣ್ಣಿಗೆ ಮಣ್ಣೆರಚಿದವನು ಬಾಯಿ ತಪ್ಪಿ ಹೇಳಿದವನಲ್ಲ.

"ಸೇಸಪ್ಪ," ಎಂದಳು ಸ್ವರ್ಣಲತಾ. ಮದುವೆಯಾದ ಮೇಲೆ ಮೊದಲ ಸಲ ಗಂಡನ ಹೆಸರನ್ನು ಬಾಯಿಬಿಟ್ಟು ಹೇಳಿದಳು.

ಕ್ಲಾರೆನ್ಸ್ ತಲೆ ಎತ್ತಲಿಲ್ಲ. ಅಲ್ಲ ಎನ್ನಲೂ ಇಲ್ಲ.

ಅವಳಿಗೆ ಅಳು ಬರಲಿಲ್ಲ. ಹನ್ನೊಂದು ವರ್ಷ ಆ ಮನುಷ್ಯನ ಬಟ್ಟೆ ಒಗೆದಳು, ಬಿ.ಪಿ. ಮಾತ್ರೆ ಎಣಿಸಿ ಕೊಟ್ಟಳು. ಈ ಒಂದು ವರ್ಷ ತಮ್ಮನ ನೆನಪಾಗಿ ಅತ್ತದ್ದೂ ಅವನ ಎದೆಯ ಮೇಲೆಯೇ. ಬೆಳಿಗ್ಗೆಯ ಆ ಸಿಟ್ಟು ಮರಳಿ ಬಂತು. ಸ್ಟ್ಯಾನ್ಲಿಯ ಮೇಲಿದ್ದಾಗ ಅದಕ್ಕೆ ಇಷ್ಟು ತೂಕ ಇರಲಿಲ್ಲ.

"ಸ್ವರ್ಣ," ಎಂದು ಮೇಲಿನಿಂದ ದನಿ ಬಂತು. "ಎಷ್ಟು ಹೊತ್ತು? ಅಲ್ಲೇ ಇರು, ನಾನು ಬರ್ತೇನೆ."

ಸೇಸಪ್ಪ ಕಲ್ಲು ಹಿಡಿದುಕೊಂಡು ನಿಧಾನ ಇಳಿಯುತ್ತಿದ್ದ.

"ನೀನು ಮೇಲೆ ಹೋಗು," ಎಂದಳು ಅವಳು ಕ್ಲಾರೆನ್ಸನಿಗೆ. "ಆ ಗಂಡ ಹೆಂಡತಿ ಹತ್ರ ಎಲ್ಲ ಹೇಳು. ಈಗಲೇ. ಕುರಿಯಾತ್ ಸ್ಟೇಷನ್ನಿಗೆ ಸ್ಟ್ಯಾನ್ಲಿಯನ್ನೂ ಕರ್ಕೊಂಡು ಹೋಗಿ ಅದನ್ನೇ ಹೇಳು. ಫೋಟೋ ತೆಗೊ."

"ನೀವು ಬರುದಿಲ್ವಾ ಅಕ್ಕ?"

"ಹೋಗು ನೀನು."

ಕ್ಲಾರೆನ್ಸ್ ಒದ್ದೆ ಬಟ್ಟೆಯಲ್ಲೇ ಫೋಟೋವನ್ನು ಹಲ್ಲಿನಲ್ಲಿ ಕಚ್ಚಿಕೊಂಡು ಇನ್ನೊಂದು ಬದಿಯಿಂದ ಹತ್ತಿದ. ಸೇಸಪ್ಪ ಅವನನ್ನು ನೋಡಿದ, ಅವನು ಸೇಸಪ್ಪನನ್ನು ನೋಡಲಿಲ್ಲ.

ಸ್ವರ್ಣಲತಾ ನೀರಿನ ಅಂಚಿನ ಬಂಡೆಗೆ ಸರಿದಳು. ಅಲ್ಲಿ ಪಾಚಿ ಕಟ್ಟಿತ್ತು, ಅದರಾಚೆ ನೀರು ಒಮ್ಮೆಲೇ ಕಪ್ಪಾಗಿ ಆಳವಾಗಿತ್ತು. ಗಂಡ ಕೊನೆಯ ಕಲ್ಲಿಗೆ ಬಂದಾಗ ಕೈ ಚಾಚಿದಳು.

"ಕೈ ಕೊಡಿ. ಜಾರ್ತದೆ ಇಲ್ಲಿ."

ಅವನು ಕೈ ಕೊಟ್ಟು ಅವಳ ಪಕ್ಕಕ್ಕೆ ಬಂದ. "ಎಂತ ಆಯ್ತು? ಅವ ಯಾಕೆ ಹಾಗೆ ಓಡಿದ? ಎಂತ ಹೇಳಿದ ನಿನ್ನ ಹತ್ರ?"

"ಅಂಗಿಯ ವಿಷಯ ಹೇಳಿದ."

ಸೇಸಪ್ಪ ಯಾವ ಅಂಗಿ ಎಂದು ಕೇಳಲಿಲ್ಲ. ತಲೆ ಎತ್ತಿ ಸುತ್ತಲಿನ ಅಂಚನ್ನೆಲ್ಲ ಒಮ್ಮೆ ನೋಡಿದ. ಅಲ್ಲಿ ಯಾರೂ ಇರಲಿಲ್ಲ. ಅವಳ ಕೈಯ ಮೇಲಿದ್ದ ಅವನ ಹಿಡಿತ ಬಿಗಿಯಾಯಿತು. ಮುಖ ಮಾತ್ರ ಟೊಪ್ಪಿ ಕೊಟ್ಟಾಗ ಇದ್ದ ಹಾಗೇ ಮೆತ್ತಗಿತ್ತು.

"ನಿಂಗೆ ಈಜ್ಲಿಕ್ಕೆ ಬರುದಿಲ್ಲ, ಸ್ವರ್ಣ," ಎಂದ.

"ಬರುದಿಲ್ಲ," ಎಂದಳು ಅವಳು. "ನಿಮಗೂ ಬರುದಿಲ್ಲ."

ಈಗ ಕೈ ಬಿಡಿಸಿಕೊಳ್ಳಲು ನೋಡಿದವನು ಅವನು. ಸ್ವರ್ಣಲತಾ ಇನ್ನೊಂದು ಕೈಯಿಂದಲೂ ಅವನ ಮಣಿಕಟ್ಟನ್ನು ಹಿಡಿದಳು. ಹಿಡಿದುಕೊಂಡೇ, ಪಾಚಿಯ ಮೇಲೆ ಕಪ್ಪು ನೀರಿನ ಕಡೆಗೆ ಹಿಂದಕ್ಕೆ ಕಾಲಿಟ್ಟಳು.